ರಾಣಿಗೆ ಸೀಬೆ ಚಿಗುರು

ಬಹಳ ಹಿಂದೆ, ಏಳು ಬೆಟ್ಟಗಳ ಆಚೆ, ಹೊನ್ನೇರು ಎಂಬ ರಾಜ್ಯವಿತ್ತು. ಅಲ್ಲಿನ ರಾಣಿ ಮಲ್ಲಾಜಮ್ಮಣ್ಣಿಯನ್ನು ಮಾಂತ್ರಿಕ ಉರಿಗಣ್ಣ ಒಣಕಡ್ಡಿಯಂತೆ ಕಾಣುವ ಕಡ್ಡಿಹುಳುವನ್ನಾಗಿ ಮಾಡಿಬಿಟ್ಟ.

“ಮೂರು ಸಲ ಪೊರೆ ಕಳಚುವವರೆಗೆ ಬದುಕಿದರೆ ಮತ್ತೆ ರಾಣಿಯಾಗುತ್ತಾಳೆ. ಸೀಬೆಯ ಎಲೆ, ಚಿಗುರು ಬಿಟ್ಟು ಬೇರೇನೂ ತಿನ್ನುವುದಿಲ್ಲ. ಸಾಕಿಕೊಳ್ಳಿ ನೋಡೋಣ!” ಎಂದು ನಕ್ಕು ಹೋದ.

ರಾಜ ತಲೆಯ ಮೇಲೆ ಕೈಹೊತ್ತು ಕುಳಿತ. ಆಗ ಅರಮನೆ ತೋಟ ನೋಡಿಕೊಳ್ಳುವ ದ್ಯಾವೀರಮ್ಮ ಸೆರಗು ಸಿಕ್ಕಿಸಿಕೊಂಡು ಮೂರು ಕುಂಡಗಳಲ್ಲಿ ಸೀಬೆ ಗಿಡ ನೆಟ್ಟಳು.

“ಮೂರ್ಯಾಕೆ?” ಎಂದು ಮಂತ್ರಿ ಮೂಗು ಮುರಿದ.

“ಒಂದು ತಿನ್ನೋಕೆ, ಒಂದು ಚಿಗುರೋಕೆ, ಒಂದು ಸುಧಾರಿಸಿಕೊಳ್ಳೋಕೆ ಬುದ್ಧಿ. ಗಿಡಕ್ಕೂ ಸುಸ್ತಾಗಲ್ವಾ?”

ಉರಿಗಣ್ಣ ಬಿಸಿಗಾಳಿ ಬಿಟ್ಟ. ಒಂದು ಗಿಡ ಸುಟ್ಟುಹೋಯಿತು. ದ್ಯಾವೀರಮ್ಮ ಒದ್ದೆ ಗೋಣಿ ಕಟ್ಟಿ ಉಳಿದೆರಡನ್ನು ಕಾಪಾಡಿದಳು. ರಾಣಿ ಮೊದಲ ಪೊರೆ ಕಳಚಿದಳು.

ಉರಿಗಣ್ಣ ಕಬ್ಬಿಣದ ಕೊಂಬಿನ ಮೇಕೆ ಕಳಿಸಿದ. ಅದು ಇನ್ನೊಂದು ಗಿಡವನ್ನು ಬೇರುಸಮೇತ ನುಂಗಿತು. ದ್ಯಾವೀರಮ್ಮ ಮೆಣಸಿನಪುಡಿ ಎರಚಿದಳು. ಮೇಕೆ ಸೀನುತ್ತಾ ಸೀನುತ್ತಾ ಏಳು ಬೆಟ್ಟ ದಾಟಿತು. ರಾಣಿ ಎರಡನೆಯ ಪೊರೆ ಕಳಚಿದಳು. ಆದರೆ ಅವಳು ತಿಂದು ತಿಂದು ಉಳಿದ ಒಂದೇ ಗಿಡ ಬೋಳಾಯಿತು.

ಎರಡು ದಿನ ರಾಣಿಗೆ ಉಪವಾಸ. ಮೂರನೆಯ ಬೆಳಿಗ್ಗೆ ಉರಿಗಣ್ಣ ಮುದುಕನ ವೇಷದಲ್ಲಿ ಎಲೆ ತುಂಬಿದ ಸೀಬೆ ಗಿಡ ಹೊತ್ತು ತಂದ. ಗಿಡ ಸೊಂಪಾಗಿ ಕಂಡು ಆಸೆ ಹುಟ್ಟಿಸಲೆಂದು ಬೇರಿಗೆ ಬೆಳೆಯುವ ಮಂತ್ರ ಹಾಕಿದ್ದ. ಎಲೆಗೆ ವಿಷ ಬಳಿದಿದ್ದ.

“ತಗೋ ತಾಯಿ, ಸುಮ್ನೆ ಕೊಡ್ತೀನಿ.”

“ಬೇಗ ತಿನ್ನಿಸು ದ್ಯಾವೀರಮ್ಮ, ರಾಣಿ ಅಲ್ಲಾಡುತ್ತಲೇ ಇಲ್ಲ!” ಎಂದು ರಾಜ ಕಣ್ಣೀರಿಟ್ಟ.

ದ್ಯಾವೀರಮ್ಮ ಹುಳುವನ್ನು ಬೆರಳಿನಿಂದ ಮೆಲ್ಲಗೆ ಸವರಿದಳು. ಆದರೂ ಕತ್ತರಿ ತೆಗೆದಳು. “ಹೊರಗಿಂದ ಬಂದ ಗಿಡದ ಹಳೇ ಎಲೆ ಹುಳಕ್ಕೆ ಕೊಡಬಾರದು ಬುದ್ಧಿ. ಯಾರು ಏನು ಬಳಿದಿರ್ತಾರೋ! ನಮ್ಮ ಮಣ್ಣಲ್ಲಿ ಚಿಗುರಲಿ.” ಎಲೆಗಳನ್ನೆಲ್ಲ ಕತ್ತರಿಸಿ ಹಾಕಿ, ಗಿಡವನ್ನು ತನ್ನ ಕುಂಡಕ್ಕೆ ನೆಟ್ಟು ನೀರೆರೆದಳು.

ಬಿದ್ದ ಎಲೆಗಳಿಂದ ನೀಲಿ ಹೊಗೆ ಎದ್ದಿತು. ಬೇರಿನ ಮಂತ್ರ ಮಾತ್ರ ತನ್ನ ಕೆಲಸ ಬಿಡಲಿಲ್ಲ. ಕಣ್ಣೆದುರೇ ಚಿಗುರು ಬಂತು, ವಿಷದ ಸೋಂಕಿಲ್ಲದ ಎಳೆ ಚಿಗುರು! ರಾಣಿ ಕರಕರ ತಿಂದಳು, ಮೂರನೆಯ ಪೊರೆ ಕಳಚಿದಳು, ಮತ್ತೆ ರಾಣಿಯಾಗಿ ಎದ್ದು ನಿಂತಳು.

ಮಾಟ ಮುರಿದೊಡನೆ ಉರಿಗಣ್ಣನ ವೇಷ ಕಳಚಿತು, ಅವನ ಕೈಯ ಮಂತ್ರದಂಡ ಪುಡಿಯಾಯಿತು. ಕಾವಲಿನವರು ಅವನ ಹೆಡೆಮುರಿ ಕಟ್ಟಿದರು. ಊರಿಗೂರೇ ಜಯಘೋಷ ಕೂಗಿತು.

ರಾಣಿ ಆ ಗದ್ದಲದಲ್ಲಿ ದ್ಯಾವೀರಮ್ಮನನ್ನು ತಬ್ಬಿಕೊಂಡಳು. “ಮೊದಲು ಊಟಕ್ಕೆ ಹಾಕು. ಎಲೆಯ ಮೇಲೆ ಬಡಿಸು, ಎಲೆ ತಿನ್ನಿಸಬೇಡ!”

ಅಂದು ಹೊನ್ನೇರಿನಲ್ಲಿ ಎಲ್ಲರೂ ಹೊಟ್ಟೆ ತುಂಬಾ ಉಂಡರು. ಅಂದಿನಿಂದ ಅಲ್ಲಿ ಎಲ್ಲರೂ ನಗುನಗುತ್ತಾ ಬಾಳಿದರು.