ಕೊಕ್ಕೆ, ಎರಡು ಚುಕ್ಕಿ

"ಚೆಕ್ಕರ್ ಮೇಡಂ, ಸ್ವಲ್ಪ ಆ ಕಡೆ ಸರಿದ್ರೆ ಎದುರಾಳಿಗೂ ಕೂರೋಕೆ ಜಾಗ ಆಗುತ್ತೆ."

ಕೋರ್ಟಿನ ಕಾರಿಡಾರಿನಲ್ಲಿದ್ದದ್ದು ಒಂದೇ ಬೆಂಚು. ನಾನು ಸರಿಯಲಿಲ್ಲ, ಬ್ಯಾಗು ಸರಿಸಿದೆ. ಅವರು ಅಷ್ಟೇ ಜಾಗದಲ್ಲಿ ಕೂತು ನಕ್ಕರು. ಆ ನಗು ಕಣ್ಣಿನಲ್ಲಿ ಶುರುವಾಗಿ ತುಟಿಗೆ ಬರುವಷ್ಟರಲ್ಲಿ ನಾನು ಗೋಡೆ ನೋಡುತ್ತಿದ್ದೆ. ನೋಡದಿದ್ದರೂ ಗೊತ್ತಾಗುವ ನಗು ಅದು, ಏನು ಮಾಡಲಿ!

ನಮ್ಮ ಬಟ್ಟೆ ಗಿರಣಿಯ ಕಾರ್ಮಿಕ ಸಂಘದ ಚುನಾವಣೆಯಲ್ಲಿ, ಪ್ಯಾಕಿಂಗ್ ವಿಭಾಗದ ಇವರು ನನ್ನ ಅಣ್ಣನನ್ನು ಒಂದೇ ಒಂದು ವೋಟಿನಿಂದ ಸೋಲಿಸಿ ಅಧ್ಯಕ್ಷರಾಗಿದ್ದರು. ಅಣ್ಣ ಕೋರ್ಟಿಗೆ ಹೋದ. ಎಂಟು ತಿಂಗಳು, ಹನ್ನೊಂದು ಹಿಯರಿಂಗು. ಪ್ರತಿ ಸಲವೂ ಅಣ್ಣನ ಫೈಲು ಹೊತ್ತು ಬರುವವಳು ನಾನು.

ಅಪ್ಪ ಅಮ್ಮ ಹೋದ ಮೇಲೆ ಅದೇ ಗಿರಣಿಯ ಬಾಯ್ಲರ್ ಮುಂದೆ ಬೆಂದು ನನ್ನನ್ನು ಸಾಕಿದ ಅಣ್ಣ. ಅವನನ್ನು ಬಿಟ್ಟರೆ ನನ್ನವರು ಅಂತ ಯಾರೂ ಇಲ್ಲ. ಕೇಸು ಶುರುವಾದಾಗಿನಿಂದ ಮನೆಯಲ್ಲಿ ಮಾತೇ ನಿಂತಿತ್ತು. ಅವನು ಕೋರ್ಟಿನ ಕಾಗದ ಓದುತ್ತ ಉಣ್ಣುತ್ತಿದ್ದ, ನಾನು ಅವನ ಮುಖ ನೋಡುತ್ತ ಉಣ್ಣುತ್ತಿದ್ದೆ. ಇನ್ನೂ ಸ್ವಲ್ಪ ಹಾಕಲಾ ಅಂತ ಕೇಳಿದರೂ ತಲೆ ಎತ್ತುತ್ತಿರಲಿಲ್ಲ.

ಅಂಥ ಅಣ್ಣನಿಗೆ ನಾನು ವೋಟು ಹಾಕಿರಲಿಲ್ಲ.

ದಿನವಿಡೀ ನಿಂತು ಬಟ್ಟೆ ಪರೀಕ್ಷಿಸುವ ನಮಗೆ ಸ್ಟೂಲು ಕೊಡಿ ಅಂತ ಮ್ಯಾನೇಜರ ಹತ್ತಿರ ಜಗಳ ಆಡಿದವರು ಇವರು. ಸ್ಟೂಲಿಗಾಗಿ ವೋಟು ಹಾಕಿದೆ ಅಂತ ನನಗೆ ನಾನೇ ಸಮಾಧಾನ ಹೇಳಿಕೊಂಡಿದ್ದೆ. ಶುದ್ಧ ಸುಳ್ಳು. ಮೂರು ವರ್ಷದಿಂದ ಇವರ ಮೇಲೆ ಮನಸ್ಸಿತ್ತು, ಒಂದು ನರಪಿಳ್ಳೆಗೂ ಗೊತ್ತಾಗದ ಹಾಗೆ.

ಅದರ ಜೊತೆಗೆ ಇನ್ನೊಂದು ಎಡವಟ್ಟು. ನಾವು ಚೆಕ್ಕರ್‌ಗಳು ಪಾಸು ಮಾಡಿದ ಪ್ರತಿ ಬಟ್ಟೆ ಥಾನಿನ ಮೂಲೆಯಲ್ಲೂ ನಮ್ಮ ನಮ್ಮ ಗುರುತು ಹಾಕುತ್ತೇವೆ. ನನ್ನದು ಒಂದು ಕೊಕ್ಕೆ, ಕೆಳಗೆ ಎರಡು ಚುಕ್ಕಿ. ಹನ್ನೆರಡು ವರ್ಷದಿಂದ ಪಳಗಿದ ಕೈ ಸುಮ್ಮನಿರುತ್ತದೆಯೇ? ಮತಪತ್ರದಲ್ಲಿ ಇವರ ಹೆಸರಿನ ಮುಂದೆ ಟಿಕ್ ಹಾಕಿ, ಮೂಲೆಯಲ್ಲಿ ಗುರುತನ್ನೂ ಹಾಕಿಬಿಟ್ಟಿತ್ತು. ಪೆಟ್ಟಿಗೆಯೊಳಗೆ ಬಿದ್ದ ಮೇಲೆ ನನಗೆ ಹೊಳೆಯಿತು.

ಈಗ ಕೋರ್ಟು ಮರು ಎಣಿಕೆಗೆ ಹೇಳಿತ್ತು. ಒಳಗೆ ಕರೆದಾಗ ಫೈಲು ಎದೆಗವಚಿಕೊಂಡು ಅಣ್ಣನ ಹಿಂದೆ ಹೋದೆ.

ಕೋರ್ಟು ನೇಮಿಸಿದ ಹಿರಿಯ ವಕೀಲರು ಒಂದೊಂದೇ ಮತಪತ್ರ ಎತ್ತಿ ತೋರಿಸುತ್ತಿದ್ದರು. ಒಂದರ ಬಳಿ ಕೈ ನಿಂತಿತು. "ಮೂಲೇಲಿ ಇದೇನ್ರೀ?"

ಅಣ್ಣ ಬಗ್ಗಿ ನೋಡಿದ. ಬಾಯ್ಲರಿನವನಿಗೆ ಚೆಕ್ಕರ್ ಗುರುತು ಅಂತ ಗೊತ್ತು, ಯಾರದೆಂದು ಗೊತ್ತಿಲ್ಲ. "ಇದು ಯಾರೋ ಚೆಕ್ಕರ್ ಹಾಕಿರೋ ಗುರುತು ಸರ್. ಗಿರಣಿಯಿಂದ ರಿಜಿಸ್ಟರ್ ತರಿಸಿದ್ರೆ ಯಾರು ಅಂತ ಗೊತ್ತಾಗುತ್ತೆ. ಗೊತ್ತಾದ್ರೆ ವೋಟು ಅಸಿಂಧು."

ಪ್ಯಾಕಿಂಗಿನ ಇವರಿಗೆ ರಿಜಿಸ್ಟರ್ ಬೇಕಿರಲಿಲ್ಲ. ನಾನು ಪಾಸು ಮಾಡಿದ ಥಾನುಗಳನ್ನು ದಿನಾ ಕಟ್ಟುವವರು. ಮತಪತ್ರ ನೋಡಿದರು. ಆಮೇಲೆ ನಿಧಾನವಾಗಿ ಕಣ್ಣೆತ್ತಿ ನನ್ನನ್ನು ನೋಡಿದರು. ಮೊದಲು ಹುಬ್ಬು ಗಂಟಾಯಿತು, ಆಮೇಲೆ ಬಿಚ್ಚಿಕೊಂಡಿತು. ಅವರ ಕಣ್ಣು ಅಷ್ಟು ಮೆತ್ತಗಾದದ್ದನ್ನು ನಾನು ಹಿಂದೆಂದೂ ಕಂಡಿರಲಿಲ್ಲ.

"ರಿಜಿಸ್ಟರ್ ಬೇಡ ಸರ್," ಅಂದರು. "ಆ ವೋಟು ನನಗೆ ಬೇಡ. ಬಿಟ್ಟುಬಿಡಿ."

ಅವರ ವಕೀಲರು ಅಂಗಿ ಹಿಡಿದು ಎಳೆದರು. "ತಲೆ ಕೆಟ್ಟಿದೆಯೇನ್ರೀ? ಸಮ ಆಗುತ್ತೆ. ಸಮ ಆದ್ರೆ ಸರ್ವೀಸ್ ಜಾಸ್ತಿ ಇರೋ ಅವರೇ ಅಧ್ಯಕ್ಷರು!"

"ಆಗ್ಲಿ ಬಿಡಿ."

ನಾನು ತುಟಿ ಬಿಚ್ಚದಿದ್ದರೆ ಸಾಕಿತ್ತು. ಅಣ್ಣ ಗೆಲ್ಲುತ್ತಿದ್ದ, ಇವರು ತಮ್ಮ ಪಾಡಿಗೆ ಹೋಗುತ್ತಿದ್ದರು, ನಾನು ಬದುಕಿಡೀ ಗೋಡೆ ನೋಡುತ್ತ ಕೂರುತ್ತಿದ್ದೆ. ಆ ಒಂಟಿತನ ಸಾಕುಸಾಕಾಗಿತ್ತು.

"ಅದು ನನ್ನ ಗುರುತು," ಅಂದೆ. "ಗುರುತು ಕೈ ಅಭ್ಯಾಸದಿಂದ ಬಿದ್ದದ್ದು. ಟಿಕ್ ಮಾತ್ರ ಬೇಕೂಂತಲೇ ಹಾಕಿದ್ದು."

ಹಿರಿಯ ವಕೀಲರು ಕನ್ನಡಕ ತೆಗೆದರು. "ಹಾಗಾದ್ರೆ ಅಸಿಂಧು ಅಂತಲೇ ಬರೀಬೇಕಾಗುತ್ತಮ್ಮಾ."

ಅಣ್ಣ ಗೆದ್ದಿದ್ದ. ಆದರೂ ಮುಖ ಸಪ್ಪಗಾಗಿತ್ತು. "ನನ್ನ ಹತ್ರ ಒಂದು ಮಾತು ಹೇಳಬಾರದಿತ್ತಾ ಪುಟ್ಟಿ?" ಅಂದವನೇ ಹೊರಗೆ ಹೋದ. ಹೇಳೋಣವೆಂದರೆ ನೀನು ತಲೆ ಎತ್ತಿದರೆ ತಾನೇ ಅಣ್ಣ? ಫೈಲು ಎತ್ತಿಕೊಂಡು ನಾನೂ ಹೊರಟೆ.

ಕಾರಿಡಾರಿನಲ್ಲಿ ಇವರು ಹಿಂದಿನಿಂದ ಬಂದರು. "ಎಂಟು ತಿಂಗಳಲ್ಲಿ ಒಂದು ನಮಸ್ಕಾರಾನೂ ಇಲ್ಲ. ವೋಟು ಮಾತ್ರ ಹಾಕಿಬಿಟ್ಟಿದ್ರಾ?"

"ನೀವು ಕೇಳಿದ್ದು ವೋಟು ತಾನೇ?"

"ಬೇರೆ ಏನಾದ್ರೂ ಕೇಳಿದ್ರೆ ಕೊಡ್ತಿದ್ರಾ?"

"ಕೇಳಿ ನೋಡಬೇಕಿತ್ತು," ಅಂದೆ. ಕೆನ್ನೆ ಬಿಸಿಯಾಯಿತು.

ಅವರು ನಗಲಿಲ್ಲ. "ದಿನಾ ನಿಮ್ಮ ಥಾನುಗಳನ್ನ ಕೊನೇಗೆ ಕಟ್ಟೋಕೆ ಇಟ್ಕೋತಿದ್ದೆ. ಅವೂ ಹೋದ್ಮೇಲೆ ಆ ರೂಮಲ್ಲಿ ನಾನೊಬ್ಬನೇ ಅನ್ನಿಸ್ತಿತ್ತು."

ನನಗೆ ಅಳು ಬಂತು. ಎರಡು ಗೋಡೆಯಾಚೆ ಇನ್ನೊಬ್ಬರು ನನ್ನಷ್ಟೇ ಒಂಟಿಯಾಗಿದ್ದರು, ಮೂರು ವರ್ಷ.

ಗೇಟಿನ ಬಳಿ ಅಣ್ಣನ ಸ್ಕೂಟರ್ ನಿಂತಿತ್ತು, ಎಂಜಿನ್ ಆನ್ ಇತ್ತು. ಅವನು ಹಿಂದೆ ತಿರುಗಿ ನೋಡಲಿಲ್ಲ, ಬಿಟ್ಟು ಹೋಗಲೂ ಇಲ್ಲ.

"ಅಣ್ಣ ಕಾಯ್ತಿದ್ದಾರೆ, ಹೋಗಿ," ಅಂದರು ಇವರು.

"ಭಾನುವಾರ ಮನೆಗೆ ಬನ್ನಿ. ಅಣ್ಣನ ಹತ್ರಾನೇ ಕೇಳಿ."

"ನನಗೆ ಬಾಗಿಲು ತೆಗೀತಾರಾ ಅವರು?"

ಈ ಸಲ ನಾನು ಗೋಡೆ ನೋಡಲಿಲ್ಲ, ಅವರ ಕಣ್ಣಿಗೆ ಕಣ್ಣಿಟ್ಟು ನೋಡಿದೆ.

"ನಾನು ತೆಗೀತೀನಿ."