ನಮ್ಮವರು

“ಈ ಡಬ್ಬಿ ನಿಮ್ದೇನ್ರಿ?”

ಬದುವಿನ ಮೇಲೆ ನಿಂತಿದ್ದ ಕಾವಲುಗಾರ ಊಟದ ಡಬ್ಬಿ ಎತ್ತಿ ಹಿಡಿದು ಕೇಳಿದ. ಕೇಳಿದ ಧಾಟಿಯಲ್ಲಿ ಎಷ್ಟು ಗತ್ತಿತ್ತೆಂದರೆ, ಸುವರ್ಣಾಗೆ ಸುಮ್ಮನೆ ಕಾಡಿಸಬೇಕೆನಿಸಿತು.

“ನಂದಲ್ರಿ.”

ಅಷ್ಟೇ. ಅವನ ಕೈಯೊಳಗಿದ್ದ ಡಬ್ಬಿ ಮಾಯವಾಯಿತು.

“ಹುಚ್ಚದೇನ್ರಿ ನಿಮಗ? ಬೋರ್ಡ್ ಓದಾಕ ಬರೂದಿಲ್ಲೇನು?” ಅವನು ಕೂಗಿದ. “ನಂದು ಅನ್ರಿ, ಜಲ್ದಿ!”

“ಅಯ್ಯೋ, ಅದು ನಮ್ಮ ಡಬ್ಬೀರಿ! ಅದರಾಗ ಶೇಂಗಾ ಹಿಂಡಿ ಅದ!”

ಡಬ್ಬಿ ದೊಪ್ಪೆಂದು ಅವಳ ಕಾಲ ಬಳಿ ಬಂದು ಬಿತ್ತು. ಮಂಜುಗಡ್ಡೆಯಷ್ಟು ತಣ್ಣಗಿತ್ತು. ಬಿ.ಎಡ್. ಮುಗಿಸಿ ಆಳಂದದಿಂದ ಆಗಷ್ಟೇ ಇಜೇರಿಗೆ ಮರಳಿದ್ದ ಸುವರ್ಣಾ, ಊರವರು ಹೇಳಿದ್ದನ್ನು ಅಲ್ಲಿಯವರೆಗೆ ನಂಬಿರಲಿಲ್ಲ.

ಹೋದ ಬೇಸಿಗೆಯಲ್ಲಿ ಸುವರ್ಣಾಳ ಮನೆಯವರ ತೊಗರಿ ಹೊಲದ ಅಂಚಿಗೆ ಗಾಳಿಯೇ ಹರಿದಿತ್ತು. ಹಳೆಯ ಸೀರೆ ಹರಿದ ಹಾಗೆ, ಆಳೆತ್ತರದ ಒಂದು ಸೀಳು. ಅದರಾಚೆ ಬೇರೊಂದು ಆಕಾಶ, ಹಸಿರು ಬಣ್ಣದ ಸೂರ್ಯ, ಹಿಮ್ಮುಖವಾಗಿ ಹರಿಯುವ ಒಂದು ನದಿ. ಅದರೆದುರು ಯಾವುದನ್ನು ನನ್ನದಲ್ಲ ಎನ್ನುತ್ತೀರೋ ಅದನ್ನು ಸೀಳು ಎಳೆದುಕೊಳ್ಳುತ್ತಿತ್ತು. ಮುದಿ ಎತ್ತು ನನ್ನದಲ್ಲ, ನನ್ನದಲ್ಲ ಎಂದು ಅಲ್ಲಿ ನಿಂತು ಜಗಳಾಡಿದ ಅಣ್ಣತಮ್ಮಂದಿರು ಕತ್ತಲಾದ ಮೇಲೆ ಎಷ್ಟು ಅತ್ತರೂ ಆ ಎತ್ತು ತಿರುಗಿ ಬರಲಿಲ್ಲ. ಆಮೇಲೆ ಸರ್ಕಾರ ಅದರ ಮುಂದೆ ಹಗ್ಗ ಕಟ್ಟಿ, ಎಚ್ಚರಿಕೆಯ ಬೋರ್ಡ್ ನೆಟ್ಟು, ಒಬ್ಬ ಕಾವಲುಗಾರನನ್ನು ಇಟ್ಟಿತ್ತು.

“ಯಾರ ಮುಂದ ನಂದಲ್ಲ ಅಂದಿರ್ತೀರಿ, ಅವರ ಮುಂದನೇ ನಂದು ಅನ್ನಬೇಕ್ರಿ,” ಎಂದ ಕಾವಲುಗಾರ. ಈಗ ದನಿ ಇಳಿದಿತ್ತು. “ಅದೂ ಮನಸಾರೆ. ಹೊತ್ತು ಮುಳುಗೋದ್ರಾಗ. ಇಲ್ಲಂದ್ರ ಮುಗೀತು.”

ಅವನ ಹೆಸರು ಅಮರನಾಥ. ಅಫಜಲಪುರದವನು. ಬೈದದ್ದಕ್ಕೆ ಅವನಿಗೆ ನಾಚಿಕೆ, ಬೈಸಿಕೊಂಡದ್ದಕ್ಕೆ ಅವಳಿಗೆ ನಾಚಿಕೆ. ಪ್ರೀತಿ ಹುಟ್ಟಲು ಇದಕ್ಕಿಂತ ಹೆಚ್ಚು ಇನ್ನೇನು ಬೇಕು?

ಮರುದಿನದಿಂದ ಅವಳ ಡಬ್ಬಿಯಲ್ಲಿ ಒಂದು ರೊಟ್ಟಿ ಹೆಚ್ಚಿಗೆ ಬರತೊಡಗಿತು. ಅವಳು ಬರುವುದು ಕಂಡರೆ ಸಾಕು, ಅವನು ಆಗಲೇ ಒರೆಸಿಟ್ಟ ಬೋರ್ಡನ್ನು ಮತ್ತೆ ಒರೆಸುತ್ತಿದ್ದ. ಒರೆಸುತ್ತಲೇ ಓರೆಗಣ್ಣಿನಿಂದ ನೋಡುತ್ತಿದ್ದ. ಅವಳು ನೋಡಿದರೆ ಸಟ್ಟನೆ ತಲೆ ತಗ್ಗಿಸುತ್ತಿದ್ದ, ಕಿವಿ ಮಾತ್ರ ಕೆಂಪಾಗುತ್ತಿತ್ತು.

“ನಿಮ್ಮನ್ಯಾಗ ದಿನಾ ರೊಟ್ಟಿ ಹ್ಯಾಂಗ ಉಳೀತಾವ್ರಿ?”

“ನಮ್ಮವ್ವಗ ಅಂದಾಜು ಗೊತ್ತಾಗೂದಿಲ್ರಿ.”

“ಪಾಪ. ಹಿಂಗೇ ಇರಲಿ ಅಂತ ದೇವರಿಗೆ ಬೇಡ್ಕೋತೇನಿ.”

ತೊಗರಿ ಹೂ ಬಿಡುವ ಹೊತ್ತಿಗೆ ಇಬ್ಬರ ನಡುವೆ ‘ರಿ’ ಹೋಗಿತ್ತು. ಕಾಯಿ ಬಲಿಯುವ ಹೊತ್ತಿಗೆ ಅಮರನಾಥ ಕೇಳಿಯೇಬಿಟ್ಟ.

“ಮನ್ಯಾಗ ಯಾವಾಗ ಹೇಳ್ತಿ, ಸುವರ್ಣಾ?”

“ಎಳ್ಳಮಾಸಿ ದಿನಾ ಎಲ್ಲಾರೂ ಹೊಲಕ್ಕ ಬರ್ತಾರ. ಅವತ್ತೇ ಹೇಳ್ತೇನಿ.”

“ಖರೇ?”

“ನನ್ನ ಮ್ಯಾಲ ನಂಬಿಗಿ ಇಲ್ಲೇನು?”

ಇತ್ತು. ಅದೇ ತೊಂದರೆಯಾದದ್ದು.

ಎಳ್ಳಮಾವಾಸ್ಯೆಯ ದಿನ ಬಂಡಿ, ಟಂಟಂ ಆಟೋ ತುಂಬಿಕೊಂಡು ಬಳಗವೆಲ್ಲ ಹೊಲಕ್ಕೆ ಬಂತು. ಭೂತಾಯಿಗೆ ಎಡೆಯ ಚರಗ ಚೆಲ್ಲಿ, ಬನ್ನಿ ಮರದ ನೆರಳಲ್ಲಿ ಸಜ್ಜೆ ರೊಟ್ಟಿ, ಭಜ್ಜಿ ಪಲ್ಯ, ಕಡಬು ಬಿಚ್ಚಿದರು. ಆಗ ಅಮರನಾಥ ಬಂದ. ಹಗ್ಗ ದಾಟಿ ಮಕ್ಕಳನ್ನು ಬಿಡಬೇಡಿ ಎಂದು ಹೇಳಲು ಬಂದದ್ದು ಹೌದು. ಆದರೆ ಆ ಕೆಲಸಕ್ಕೆ ಇಸ್ತ್ರಿ ಮಾಡಿದ ಬಿಳಿ ಅಂಗಿ ಬೇಕಿರಲಿಲ್ಲ. ಅವನು ಎಲ್ಲರಿಗೂ ಕೈಮುಗಿದ, ಕೊನೆಗೆ ಸುವರ್ಣಾಳನ್ನು ನೋಡಿ ಸಣ್ಣಗೆ ನಕ್ಕ. ಈಗ ಹೇಳು ಎನ್ನುವಂತೆ ನಕ್ಕ.

ಆ ನಗು ಸೋದರತ್ತೆ ಸುಭದ್ರಾಬಾಯಿಯ ಕಣ್ಣಿಗೆ ಬಿತ್ತು. ಅವಳ ಕಣ್ಣು ತಪ್ಪಿಸುವುದು ಯಾರಿಂದಲೂ ಆಗದ ಕೆಲಸ.

“ಯಾರ ಬೇ ಅಂವ? ನಮ್ಮಂವೇನು?”

ಅತ್ತೆ ಕೇಳಿದ್ದು ಜಾತಿ. ಅದು ಸುವರ್ಣಾಗೆ ಗೊತ್ತಿತ್ತು. ಅಪ್ಪ ಬಸವಂತರಾಯ ರೊಟ್ಟಿ ಮುರಿಯುವುದನ್ನು ನಿಲ್ಲಿಸಿ ಇತ್ತ ನೋಡಿದರು. ತಿಂಗಳುಗಟ್ಟಲೆ ಮನಸ್ಸಿನಲ್ಲೇ ಹೇಳಿ ಹೇಳಿ ನೋಡಿಕೊಂಡಿದ್ದ ಮಾತೆಲ್ಲ ಅವಳಿಗೆ ಮರೆತುಹೋಯಿತು. ಎಲ್ಲಿ ನಿಂತಿದ್ದೇನೆ ಎಂಬುದೂ ಮರೆತುಹೋಯಿತು.

“ನಮ್ಮಂವ ಅಲ್ಲ ತೊಗೋ ಅತ್ತಿ. ಯಾರೋ ಏನೋ.”

ತಲೆ ಎತ್ತಿದಾಗ ಬದುವಿನ ಮೇಲೆ ಯಾರೂ ಇರಲಿಲ್ಲ.

“ಹೋದ ನೋಡು, ಹೇಳದ ಕೇಳದ,” ಎಂದಳು ಅತ್ತೆ ಕಡಬು ಮುರಿಯುತ್ತ. ಅವನು ನಡೆದುಹೋದ ಎಂದೇ ಎಲ್ಲರೂ ತಿಳಿದರು. ಸೀಳು ಮಾತ್ರ ಒಮ್ಮೆ ಅಗಲವಾಗಿ ತೆರೆದು ಮುಚ್ಚಿಕೊಂಡದ್ದು ಸುವರ್ಣಾ ಒಬ್ಬಳಿಗೇ ಕಂಡಿತು.

ಕೈತೊಳೆಯುವ ನೆಪದಲ್ಲಿ ಓಡಿದಳು. ಹಗ್ಗದ ಹತ್ತಿರ ನಿಂತು ಪಿಸುಗುಟ್ಟಿದಳು. “ನಮ್ಮಂವ. ಅಮರ, ನೀ ನಮ್ಮಂವ. ಬಾ.” ಸೀಳು ಅಲುಗಲಿಲ್ಲ. ಒಳಗಿಂದ ತಣ್ಣನೆ ಗಾಳಿ ಬಂತು, ದೂರದಲ್ಲಿ ಯಾರೋ ನೀರಿನಲ್ಲಿ ನಡೆದ ಸದ್ದು. ಅತ್ತೆಯ ಕಿವಿಗೆ ಬೀಳದ ಪಿಸುಮಾತಿಗೆ ಬೆಲೆಯಿಲ್ಲ ಎಂದು ಅವಳಿಗೆ ಗೊತ್ತಿತ್ತು. ಗೊತ್ತಿದ್ದೂ ಪಿಸುಗುಟ್ಟಿದಳು. ಅದಕ್ಕೆ ಇನ್ನಷ್ಟು ನಾಚಿಕೆಯಾಯಿತು. ಒಂದು ಡಬ್ಬಿಗಾಗಿ ಹೊಲವೆಲ್ಲ ಕೇಳುವಂತೆ ಕೂಗಿದ್ದವಳು ತಾನು. ಶೇಂಗಾ ಹಿಂಡಿಗೆ ಇದ್ದ ಧೈರ್ಯ ಮನುಷ್ಯನಿಗೆ ಇಲ್ಲವಾಯಿತೆ?

ಹೊತ್ತು ಬನ್ನಿ ಮರದ ಹಿಂದೆ ಇಳಿಯತೊಡಗಿತ್ತು. ಅತ್ತೆ ಆಗಲೇ ಪಾತ್ರೆ ಕಟ್ಟುತ್ತಿದ್ದಳು. ಸುವರ್ಣಾ ಹೋಗಿ ಅವಳ ಮುಂದೆ ನಿಂತಳು.

“ಅತ್ತಿ, ನಾ ಸುಳ್ಳ ಹೇಳ್ದೆ.”

“ಏನು?”

“ಅಪ್ಪಾ, ನೀವೂ ಕೇಳ್ರಿ. ಎಲ್ಲಾರೂ ಕೇಳ್ರಿ. ಆಗ ಬಂದಿದ್ರಲ್ಲ, ಅವರು ತಾವಾಗೇ ಎಲ್ಲೂ ಹೋಗಿಲ್ಲ. ನಾ ಹೇಳಿದ ಮಾತಿಗಿ ಸೀಳಿನೊಳಗ ಹೋಗ್ಯಾರ.” ಅವಳು ಉಸಿರೆಳೆದುಕೊಂಡಳು. “ಅವರು ನಮ್ಮವರು.”

ಇಜೇರಿಯ ಹೆಂಗಸು ‘ನಮ್ಮವರು’ ಎಂದರೆ ಏನರ್ಥ ಎಂದು ಅಲ್ಲಿ ಯಾರಿಗೂ ಬಿಡಿಸಿ ಹೇಳಬೇಕಿರಲಿಲ್ಲ. ಗಂಡನ ಹೆಸರು ಹೇಳಲು ನಾಚುವ ಅತ್ತೆ, ತನ್ನ ಗಂಡನನ್ನು ಕರೆಯುತ್ತಿದ್ದದ್ದೂ ಹಾಗೆಯೇ.

“ಎಂಥಾ ಮಾತು ಬೇ ಇದು! ತಾಳಿಲ್ಲ, ಅಕ್ಕಿಕಾಳಿಲ್ಲ...”

“ಇಲ್ಲ ಅತ್ತಿ. ಆದ್ರೂ ನಮ್ಮವರೇ!” ಅವಳ ಕೂಗು ಆಚೆ ಹೊಲಕ್ಕೂ ಕೇಳಿಸಿತು.

ಸೀಳು ಚರ್‍ರೆಂದು ತೆರೆಯಿತು. ಅಮರನಾಥ ಮುಗ್ಗರಿಸಿ ಮಣ್ಣಿಗೆ ಬಿದ್ದ. ಬಿಳಿ ಅಂಗಿ ತೊಯ್ದು ತೊಪ್ಪೆಯಾಗಿತ್ತು, ತುಟಿ ನೀಲಿಗಟ್ಟಿದ್ದವು. ಸುವರ್ಣಾ ಓಡಿಹೋಗಿ ತನ್ನ ಶಾಲು ಹೊದಿಸಿದಳು. ಮುಖ ನೋಡುವ ಧೈರ್ಯವಾಗಲಿಲ್ಲ.

“ಒಳಗ ಏನರ ಕೇಳಿಸ್ತೇನು?”

“ಎಲ್ಲಾ ಕೇಳಿಸ್ತು.”

“ಯಾವುದು ಜೋರಾಗಿ ಕೇಳಿಸ್ತು?”

ಅವನು ಸುಳ್ಳು ಹೇಳಲಿಲ್ಲ. “ಮೊದಲನೇದು.”

ಅವಳು ಅತ್ತಳು. ಅವನು ಅಳಲು ಬಿಟ್ಟ. ಆಮೇಲೆ ನಡುಗುತ್ತಲೇ ಅಂದ, “ಎರಡನೇದು ಇನ್ನೂ ಭಾಳ ಸಲ ಹೇಳಬೇಕಾಗ್ತದ. ಆವಾಗ ಬರಾಬರಿ ಆಗ್ತದ.”

“ಹೇಳ್ತೇನಿ. ನೀ ಸಾಕು ಅನ್ನೂ ತನಕ.”

“ಸಾಕು ಅನ್ನಲಿಕ್ಕಿಲ್ಲ ನಾ.”

ಬಸವಂತರಾಯರು ಬಂದು ಅವನನ್ನು ಬಹಳ ಹೊತ್ತು ನೋಡಿದರು. ಅವರ ಮುಖದಲ್ಲಿ ಸಿಟ್ಟು ಇನ್ನೂ ಇತ್ತು. “ಮಾತು ಮನ್ಯಾಗ ಆಡೋಣು,” ಎಂದರು ಮಗಳಿಗೆ. “ಮೊದಲ ಊಟಕ್ಕ ಕುಂಡ್ರಸು. ನಮ್ಮ ಹೊಲದಾಗ ಎಳ್ಳಮಾಸಿ ದಿನ ಯಾರೂ ಹಸಕೊಂಡು ಕೂಡೂದಿಲ್ಲ.”

ಅತ್ತೆ ಮುಖ ತಿರುಗಿಸಿಕೊಂಡೇ ಕಟ್ಟಿದ್ದ ಭಜ್ಜಿಯ ಪಾತ್ರೆ ಬಿಚ್ಚಿದಳು. ಸುವರ್ಣಾ ಬಡಿಸುತ್ತಿದ್ದಾಗ ಆಚೆ ಹೊಲದ ರುಕ್ಮಿಣಿಬಾಯಿ ಕೂಗು ಕೇಳಿ ಬದುವಿಗೆ ಬಂದು ನಿಂತಳು.

“ಯಾರವ್ವಾ ಅಂವ?”

ಸೌಟು ಹಿಡಿದ ಕೈ ಅರೆಗಳಿಗೆ ನಿಂತಿತು. ಸುವರ್ಣಾಳ ಮುಖ ಕೆಂಪೇರಿತು. ಆದರೆ ಈ ಸಲ ಅವಳು ತಲೆ ತಗ್ಗಿಸಲಿಲ್ಲ.

“ನಮ್ಮವರ್‍ರಿ,” ಎಂದಳು.

ತಲೆ ತಗ್ಗಿಸಿದವನು ಅಮರನಾಥ. ಕಿವಿ ಕೆಂಪಾಗಿದ್ದವು.