ಎಮ್ಮೆ ಮಾತ್ರ ಸ್ಪಷ್ಟವಾಗಿತ್ತು

“ಆ ರಿಫ್ಲೆಕ್ಟರ್ ಒಸಿ ಮೇಲಕ್ಕೆತ್ತಿ ಮೇಡಂ... ಬಿಸ್ಲು ಹುಡ್ಗಿ ಮುಖಕ್ಕೆ ಬೀಳ್ಬೇಕು.”

ಕ್ಯಾಮೆರಾದ ಹಿಂದಿನಿಂದ ಬಂದ ಆ ದನಿ ಕೇಳಿದ್ದೇ ತಡ, ಸುಮನಾ ಹಿಡಿದಿದ್ದ ರಿಫ್ಲೆಕ್ಟರ್ ಇನ್ನಷ್ಟು ಕೆಳಗಿಳಿಯಿತು.

ಅವನೇ! ಮೂರು ವರ್ಷವಾದರೂ ಮರೆಯಲಾಗದ ದನಿ...

ಪಾಪ, ಅವಳೇನು ಅವನನ್ನು ಹುಡುಕಿಕೊಂಡು ಬಂದವಳಲ್ಲ. ಸೋಲೂರಿನ ಹಾಲಿನ ಡೇರಿಯಲ್ಲಿ ಬೆಳಿಗ್ಗೆ ಐದರಿಂದ ಫ್ಯಾಟ್ ಅಳೆದು, ಕಾಲು ಸೋತು, ಎರಡು ಬಸ್ ಬದಲಿಸಿ ಸಾವನದುರ್ಗದ ಬುಡಕ್ಕೆ ಬಂದಿಳಿದಿದ್ದಳು. ಚಿಕ್ಕಪ್ಪನ ಮಗಳು ಸುಚಿತ್ರಾಳ ಮದುವೆಗೆ ಮುಂಚಿನ ಶೂಟಿಂಗ್. ಕ್ಯಾಮೆರಾದವನ ಸಹಾಯಕ ಕೈಕೊಟ್ಟಿದ್ದನಂತೆ.

“ಅಕ್ಕಾ, ಇದೊಂದು ಹಿಡ್ಕೊಂಡ್ಬುಡು!” ಎಂದು ಸುಚಿತ್ರಾ ಬಂದವಳ ಕೈಗೇ ರಿಫ್ಲೆಕ್ಟರ್ ತುರುಕಿದ್ದಳು.

ಅವನು ಕ್ಯಾಮೆರಾದಿಂದ ತಲೆ ಎತ್ತಿದ. ಕಣ್ಣ ಕೆಳಗೆ ಕಪ್ಪು, ಗಡ್ಡದಲ್ಲಿ ಅಲ್ಲಲ್ಲಿ ಬಿಳಿ ಕೂದಲು. ಮಾಗಡಿಯ ಶಶಿಕಿರಣ್! ತಾನೇ ಕಥೆ ಬರೆದು, ತಾನೇ ನಿರ್ದೇಶಿಸಿ, ತಾನೇ ಕ್ಯಾಮೆರಾ ಹಿಡಿದು ಒಂದು ಸಿನಿಮಾ ಮಾಡಿದವನು. ಈಗ ವಾರಕ್ಕೆ ಮೂರು ಮದುವೆ ಶೂಟ್ ಮಾಡಿ ಬೆನ್ನು ಬಾಗಿತ್ತು.

“ಸುಮನಾ...”

“ಇಷ್ಟು ಸಾಕಾ, ಇನ್ನೂ ಎತ್ಬೇಕಾ ಸರ್?” ಎಂದಳು, ಬೇಕೆಂದೇ.

ಈ ಸಿಟ್ಟಿನ ಮೂಲ ಹೇಳಿಬಿಡುತ್ತೇನೆ, ಇಲ್ಲದಿದ್ದರೆ ನಮ್ಮ ಹುಡುಗಿಯನ್ನು ನೀವು ಜಂಬದವಳು ಅಂದುಕೊಂಡೀರಿ.

ಮೂರು ವರ್ಷದ ಹಿಂದೆ, ಆ ಸಿನಿಮಾದಲ್ಲಿ ಅವಳಿಗೊಂದು ಸೀನ್ ಕೊಟ್ಟಿದ್ದ. ಊರು ಬಿಟ್ಟು ಹೊರಟ ಗಂಡನಿಗೆ, ಕೊಟ್ಟಿಗೆಯಿಂದ ಹಾಲಿನ ಕ್ಯಾನ್ ಹಿಡಿದು ಬರುವ ಹೆಂಡತಿ ಒಂದೇ ಒಂದು ಮಾತು ಹೇಳಬೇಕು. ಆ ಒಂದು ಮಾತಿಗೆ ಹತ್ತು ದಿನ ತಾಲೀಮು ನಡೆಯಿತು. ಹತ್ತು ದಿನದಲ್ಲಿ ಅವಳು ಅವನಿಗೆ ಮನಸ್ಸು ಕೊಟ್ಟುಬಿಟ್ಟಿದ್ದಳು! ಬಾಯಿಬಿಟ್ಟು ಹೇಳಿರಲಿಲ್ಲ, ಅಷ್ಟೇ.

ಸಿನಿಮಾ ತೋರಿಸುವ ದಿನ ಅವ್ವ ಚಿಕ್ಕಲಕ್ಷ್ಮಮ್ಮನನ್ನೂ ಡೇರಿಯ ಹೆಂಗಸರನ್ನೂ ಟೆಂಪೋದಲ್ಲಿ ತುಂಬಿಕೊಂಡು ರಾಮನಗರಕ್ಕೆ ಹೋದಳು. ಈಗ ಬರ್ತೀನಿ... ಈಗ ಬರ್ತೀನಿ... ಎಂದು ಪರದೆ ನೋಡುತ್ತ ಕಾಯುತ್ತಿರುವಾಗಲೇ ಸಿನಿಮಾ ಮುಗಿದು ದೀಪ ಹತ್ತಿತು.

“ಎಲ್ಲವ್ವಾ ನೀನು?” ಎಂದು ಅವ್ವ ಕೇಳಿದಳು.

ಆಮೇಲೆ ವರ್ಷಪೂರ್ತಿ ಡೇರಿಯಲ್ಲಿ ಅದೇ ಕುಹಕ. “ಏನಮ್ಮಿ ಹೀರೋಯಿನ್ನು, ಫ್ಯಾಟ್ ಎಷ್ಟೈತೆ?” ಅವಳು ನಗುತ್ತಲೇ ಉತ್ತರ ಕೊಟ್ಟಳು. ಮನೆಗೆ ಬಂದು ಅತ್ತಳು.

ಫೋನ್ ಮಾಡಿದರೆ ಶಶಿ ಹೇಳಿದ್ದು ಇಷ್ಟೇ. “ಸೀನ್ ಸರಿ ಬರ್ಲಿಲ್ಲ ಸುಮನಾ...” ಅಲ್ಲಿಗೆ ಫೋನ್ ಕಟ್.

‘ನಾನು ಅಷ್ಟು ಕೆಟ್ಟದಾಗಿ ಮಾಡಿದ್ನಾ? ಅವನ ಕಣ್ಣಿಗೆ ನಾನು ಏನೂ ಅಲ್ವಾ?’ ಈ ಪ್ರಶ್ನೆಯನ್ನೇ ಹೊತ್ತು ಹೊತ್ತು ಅವಳು ಸೋತುಹೋಗಿದ್ದಳು. ಬಂದ ಎರಡು ಸಂಬಂಧವನ್ನೂ ಬೇಡವೆಂದಿದ್ದಳು.

ಮಧ್ಯಾಹ್ನ ಸುಚಿತ್ರಾ ತನ್ನ ಹುಡುಗ ಮನುವಿನ ಜೊತೆ ಎಳನೀರು ಕುಡಿಯಲು ಹೋದಳು. ಬಂಡೆಯ ನೆರಳಲ್ಲಿ ಉಳಿದದ್ದು ಇವರಿಬ್ಬರೇ. ಕ್ಯಾಮೆರಾದ ಪರದೆಯಲ್ಲಿ, ದೂರದ ದಾರಿಯಲ್ಲಿ ಓಡಾಡುವವರ ಮುಖದ ಮೇಲೆಲ್ಲ ಪುಟ್ಟ ಹಳದಿ ಚೌಕ ಕುಣಿಯುತ್ತಿತ್ತು.

“ಇದೇನಿದು?” ಅವಳಿಗೆ ತಡೆಯಲಾಗಲಿಲ್ಲ.

“ಆಟೋ ಫೋಕಸ್. ಮುಖ ಮಸುಕಾಗ್ದಂಗೆ ಮೆಷಿನ್ನೇ ನೋಡ್ಕೊಳ್ತದೆ. ಮೊದ್ಲು ಕೈಯಲ್ಲೇ ಲೆನ್ಸ್ ತಿರುಗಿಸ್ತಿದ್ದೆ... ಈಗ ನನ್ ಕೈ ಮೇಲೆ ನಂಗೇ ನಂಬಿಕೆ ಇಲ್ಲ.”

“ಯಾವಾಗಿಂದ?”

ಅವನು ಕ್ಯಾಮೆರಾ ಆರಿಸಿದ.

“ನಿಮ್ ಸೀನ್ ತೆಗ್ದ ದಿವ್ಸದಿಂದ.”

ಜೇಬಿನಿಂದ ಮೊಬೈಲ್ ತೆಗೆದು ಅವಳ ಮುಂದೆ ಹಿಡಿದ. ಬೆಳಗಿನ ಮಂಜು. ಕೊಟ್ಟಿಗೆಯಲ್ಲಿ ಒಂದು ಎಮ್ಮೆ. ಅದರ ಕೊಂಬು, ಮೂಗುದಾರ, ಕಿವಿಯ ಮೇಲೆ ಕೂತ ನೊಣವೂ ಕಾಣುತ್ತಿತ್ತು! ಅದರ ಪಕ್ಕದಿಂದ ಕ್ಯಾನ್ ಹಿಡಿದು ಒಬ್ಬಳು ನಡೆದು ಬಂದಳು. ಹತ್ತಿರ ಬಂದಷ್ಟೂ ಮಸುಕಾದಳು. ಮಾತು ಆಡುವ ಹೊತ್ತಿಗೆ ಅಲ್ಲಿದ್ದದ್ದು ಬರೀ ಒಂದು ಕೆಂಪು ಸೀರೆಯ ಬಣ್ಣ.

ಎರಡನೇ ಟೇಕ್. ಮೂರನೆಯದು. ಎಲ್ಲದರಲ್ಲೂ ಎಮ್ಮೆಯೇ ಎಮ್ಮೆ!

“ನೀವು ನಡ್ಕೊಂಡು ಬರ್ತಾ ಬರ್ತಾ ನಾನು ಲೆನ್ಸ್ ತಿರುಗಿಸ್ಬೇಕಿತ್ತು. ಮರ್ತೇಬುಟ್ಟೆ... ಪರದೆ ಬುಟ್ಟು ನಿಮ್ಮನ್ನೇ ನೋಡ್ತಾ ನಿಂತ್ಬುಟ್ಟೆ. ಐದು ಟೇಕೂ ಹಿಂಗೇ. ಎಡಿಟಿಂಗಲ್ಲಿ ನೋಡೋ ಹೊತ್ಗೆ ಆ ಕೊಟ್ಟಿಗೇನೂ ಕಿತ್ತಾಕಿದ್ರು.”

ಸುಮನಾಳಿಗೆ ಮೊದಲು ನಗು ಬಂತು. ಆಮೇಲೆ ಕಣ್ಣೀರು. ಎರಡೂ ನಿಲ್ಲಲಿಲ್ಲ.

“ಥೂ ನಿನ್ನ! ಬಾಯಲ್ಲಿ ನಾಲ್ಗೆ ಇರ್ಲಿಲ್ವಾ?” ಸರ್ ಹೋಗಿ ಏಕವಚನ ಬಂದದ್ದು ಅವಳಿಗೇ ತಿಳಿಯಲಿಲ್ಲ. “ನಾನೇ ಸರಿ ಇಲ್ಲ ಅನ್ಕೊಂಡು ಮೂರು ವರ್ಷ ಬೆಂದೋದೆ ಕಣೋ!”

“ಫೋಕಸ್ ಯಾಕೆ ತಪ್ತು ಅಂತ ನೀನು ಕೇಳಿದ್ರೆ ನಿಜ ಹೇಳ್ಬೇಕಾಗ್ತಿತ್ತು. ಮೂವತ್ತೆರಡು ವರ್ಷ ಆದ್ರೂ ಅಪ್ಪನ ಮನೇಲಿ ಉಣ್ತಿದ್ದೋನು... ಯಾವ ಮುಖ ಇಟ್ಕೊಂಡು ಪ್ರೀತಿ ಅನ್ಲಿ? ಸುಮ್ನಿದ್ರೆ ಮರ್ತೋಯ್ತೀಯ ಅನ್ಕೊಂಡೆ. ತಪ್ಪಾಯ್ತು.”

“ಈಗೇನೈತೆ ನಿನ್ ತಾವ?”

“ಈಗ್ಲೂ ಏನಿಲ್ಲ. ಆ ಸಿನಿಮಾ ಎರಡು ಊರಲ್ಲಿ ಓಡಿ ಮಲಗ್ತು. ಇನ್ನೊಂದು ಕಥೆ ಬರ್ದಿಟ್ಟಿವ್ನಿ, ತೆಗೆಯೋ ಚೈತನ್ಯ ಇಲ್ಲ. ಬರೀ ಸುಸ್ತು ಐತೆ ಸುಮನಾ...”

ಅವಳು ಸೆರಗಿನಲ್ಲಿ ಮುಖ ಒರೆಸಿಕೊಂಡಳು.

“ನಂಗೂ ಅಷ್ಟೇ. ಅದನ್ನೇ ಹಂಚ್ಕೊಳ್ಳಾನೆ ಬುಡು.”

ಅವನು ಅವಳನ್ನೇ ನೋಡಿದ. ಅವಳೇ ಅವನ ಕೈ ಹಿಡಿದಳು. ಟ್ರೈಪಾಡ್ ಹೊತ್ತು ಹೊತ್ತು ಆ ಅಂಗೈ ಗಟ್ಟಿಯಾಗಿತ್ತು.

ನಾಲ್ಕು ಗಂಟೆಗೆ ಶೂಟಿಂಗ್ ಮುಗಿಯಿತು. ಸಂಜೆ ಅವನಿಗೆ ಕನಕಪುರದಲ್ಲೊಂದು ಆರತಕ್ಷತೆ ಇತ್ತು. ಚೀಲಗಳನ್ನೆಲ್ಲ ಬೈಕಿಗೆ ಬಿಗಿದು ಹತ್ತಿ ಕೂತನೇ ಹೊರತು ಸ್ಟಾರ್ಟ್ ಮಾಡಲಿಲ್ಲ.

ಸುಮನಾ ಬಂಡೆಯ ನೆರಳಿನಿಂದ ನಡೆದು ಬಂದಳು. ನಿಧಾನಕ್ಕೆ, ಅಂದು ತಾಲೀಮಿನಲ್ಲಿ ಕಲಿಸಿದಷ್ಟೇ ಹೆಜ್ಜೆ ಇಟ್ಟು. ಅವನ ಎದುರು ನಿಂತಳು.

“ಹೋಗ್ಬುಟ್ಟು ಬಾ... ಬಾಗ್ಲು ತೆಗ್ದೇ ಇರ್ತೈತೆ.”

ಅದೇ ಮಾತು! ಸಿನಿಮಾದಲ್ಲಿ ಯಾರೂ ಕೇಳದ ಮಾತು...

“ಈ ಸಲ ಸರಿ ಬಂತಾ?” ಎಂದಳು ಮೆಲ್ಲಗೆ.

“ಬಂತು ಕಣೆ... ಆದ್ರೆ ನೀನು ಈಗ್ಲೂ ಮಸುಕಾಗೇ ಕಾಣ್ತಿದ್ದೀಯ.”

“ಕಣ್ಣು ಒರೆಸ್ಕೊಳೋ ದಡ್ಡ. ಕನಕಪುರದ ಗಂಟ ಗಾಡಿ ಓಡಿಸ್ಬೇಕು.”